ಬಲಗೈಗೆ ಬದಲಾಗಿ ಒಂದು ಡ್ರೈವ್

ಬಾಗಿಲು ಹಿಂದಿನಿಂದ ನನ್ನ ಕತ್ತು ಹಿಡಿದಿದ್ದ.

ಬಾಗಿಲು ಅನ್ನುವುದು ಒಬ್ಬ ಆಳಿನ ಅಡ್ಡಹೆಸರು. ಅವನು ಎದುರು ನಿಂತರೆ ಆಚೆ ಏನಿದೆ ಎಂದು ಕಾಣುವುದಿಲ್ಲ, ಅದಕ್ಕೆ. ನನ್ನ ಹಿಮ್ಮಡಿ ಆಗಲೇ ನೆಲ ಬಿಟ್ಟಿತ್ತು. ಉಸಿರು ಅರ್ಧ ಒಳಗೆ, ಅರ್ಧ ಹೊರಗೆ.

ಎದುರಿನ ಮೇಜಿನ ಮೇಲೆ ಲ್ಯಾಪ್‌ಟಾಪ್. ಅದಕ್ಕೆ ಸಿಕ್ಕಿಸಿದ್ದ ಕಪ್ಪು ಎಕ್ಸ್‌ಟರ್ನಲ್ ಡ್ರೈವ್ ನಾನೇ ತಂದುಕೊಟ್ಟದ್ದು. ಪರದೆಯ ಮೇಲೆ ಒಂದೇ ಪ್ರಶ್ನೆ. ಈ ಡಿಸ್ಕ್ ಬಳಸಬೇಕಾದರೆ ಫಾರ್ಮ್ಯಾಟ್ ಮಾಡಬೇಕು, ಮಾಡಲೇ?

“ಖಾಲಿ ಡಬ್ಬ ತಂದು ಕೊಟ್ರಲ್ಲ ಸಾರ್,” ಅಂದ ಸಕ್ಕರೆ.

ಸಕ್ಕರೆ ಹಳೆಯ ಟಿವಿ, ಫೋನು, ಗೇಮ್ ಕನ್ಸೋಲ್‌ಗಳ ವ್ಯಾಪಾರಿ, ಬಾಗಿಲಿನ ಸಾಹುಕಾರ. ಸಿಟ್ಟು ಏರಿದಷ್ಟೂ ಅವನ ಮಾತು ಸಿಹಿಯಾಗುತ್ತದೆ. ಈಗಂತೂ ಬೆಲ್ಲದ ಪಾಕದ ಹಾಗಿತ್ತು. ಅವನ ಬೆರಳು ಎಂಟರ್ ಕೀ ಮೇಲಿತ್ತು.

“ಒತ್ತಬೇಡ...” ಅಂದೆ. ದನಿ ಹೊರಡಲಿಲ್ಲ.

ಮೂಲೆಯ ಕುರ್ಚಿಯಲ್ಲಿ ಪುಟ್ಟ. ಇವನನ್ನು ಬಿಡಿಸಿಕೊಂಡು ಹೋಗುವುದಕ್ಕೇ ನಾನು ಬಂದದ್ದು. ಸೊಂಟಕ್ಕೆ ಹಗ್ಗ, ಬಾಯಿಗೆ ಟೇಪು. ಎಡಗೈ ಕುರ್ಚಿಗೆ ಕಟ್ಟಿದ್ದರು. ಬಲಗೈ ಕಟ್ಟಿರಲಿಲ್ಲ. ಅದು ಬ್ಯಾಂಡೇಜಿನಲ್ಲಿತ್ತು, ಬ್ಯಾಂಡೇಜಿನ ಮೇಲೆ ಕೆಂಪು ಕಲೆ. ಮುರಿದ ಕೈಯನ್ನು ಯಾರು ಕಟ್ಟಿಹಾಕುತ್ತಾರೆ? ಅವನು ಲ್ಯಾಪ್‌ಟಾಪ್ ನೋಡಿ ಕುರ್ಚಿಸಮೇತ ಕುಣಿಯುತ್ತಿದ್ದ. ಪಾಪ, ನೋವಿಗೆ ಒದ್ದಾಡುತ್ತಿದ್ದಾನೆ ಎಂದುಕೊಂಡೆ. ನನ್ನ ಬುದ್ಧಿ ಅಷ್ಟೇ.

ಬಾಗಿಲಿನ ಕಾಲಿನ ಹೆಬ್ಬೆರಳನ್ನು ಹಿಮ್ಮಡಿಯಿಂದ ತುಳಿದೆ. ಹಿಡಿತ ಒಂದು ಎಳೆ ಸಡಿಲಾಯಿತು. ಅಷ್ಟು ಸಾಕಿತ್ತು.

“ಒತ್ತಿದ್ರೆ ಎಲ್ಲಾ ಅಳಿಸಿ ಹೋಗುತ್ತೆ. ಅದು ಕಂಪ್ಯೂಟರಿನ ಡ್ರೈವ್ ಅಲ್ಲ, ಕನ್ಸೋಲಿಂದು. ಕಂಪ್ಯೂಟರ್‌ಗೆ ಅದನ್ನ ಓದೋಕೆ ಬರಲ್ಲ. ಓದೋಕೆ ಬರದಿದ್ದಕ್ಕೆ ಖಾಲಿ ಅಂತ ಹೇಳುತ್ತೆ, ಅಷ್ಟೇ.”

ಸಕ್ಕರೆ ಬೆರಳು ಎತ್ತಿದ. ಪುಟ್ಟ ಕುಣಿಯುವುದನ್ನು ನಿಲ್ಲಿಸಿದ. ನಾನು ಅದನ್ನು ಗಮನಿಸಬೇಕಿತ್ತು. ಗಮನಿಸಲಿಲ್ಲ. ಕತ್ತು ನೋಯುತ್ತಿತ್ತು, ವಯಸ್ಸಾಗಿದೆ, ಯಾರನ್ನಾದರೂ ಬಿಡಿಸಿಕೊಂಡು ಮನೆಗೆ ಹೋಗಿ ಮಲಗಿದರೆ ಸಾಕಾಗಿತ್ತು.

ಇದು ಶುರುವಾದದ್ದು ಆ ದಿನ ಬೆಳಿಗ್ಗೆ, ಕಟ್ಟಿನಕ್ಕನ ಫೋನಿನಿಂದ.

ಕಟ್ಟಿನಕ್ಕ ಆಸ್ಪತ್ರೆಯ ಪ್ಲಾಸ್ಟರ್ ರೂಮಿನಲ್ಲಿ ಮುರಿದ ಕೈಕಾಲಿಗೆ ಕಟ್ಟು ಹಾಕುವವಳು. ಕಳೆದದ್ದನ್ನು ಹುಡುಕುವುದು, ಕೊಡದವರಿಂದ ಈಸಿಕೊಂಡು ಬರುವುದು ನನ್ನ ಕಸುಬು. ಈ ಕಸುಬಿನಲ್ಲಿ ಮೂಳೆಗಳು ನೆಟ್ಟಗಿರುವುದಿಲ್ಲ. ಹೀಗಾಗಿ ನಮ್ಮ ಪರಿಚಯ ಹಳೆಯದು. ನನಗಿಂತ ಚಿಕ್ಕವಳು, ಆದರೂ ಇಡೀ ಆಸ್ಪತ್ರೆಯ ಹಾಗೆ ನಾನೂ ಅಕ್ಕ ಅನ್ನುತ್ತೇನೆ. ಅವಳು ನನ್ನನ್ನು ಅಣ್ಣ ಅನ್ನುತ್ತಾಳೆ. ಇಬ್ಬರಿಗೂ ತಕರಾರಿಲ್ಲ.

ನಾನು ಆಸ್ಪತ್ರೆಗೆ ಹೋದಾಗ, ಎಂಥ ಗಾಯ ಕಂಡರೂ ಹುಬ್ಬು ಅಲ್ಲಾಡಿಸದ ಹೆಂಗಸು ಅಂದು ನಡುಗುತ್ತಿದ್ದಳು. ಫೋನಿನಲ್ಲಿ ಒಂದು ಫೋಟೋ ತೋರಿಸಿದಳು. ಕುರ್ಚಿಯಲ್ಲಿ ಅವಳ ತಮ್ಮ ಪುಟ್ಟ, ಬಲಗೈಗೆ ಬ್ಯಾಂಡೇಜು. ಕೆಳಗೆ ಒಂದು ವಿಳಾಸ, ಎರಡು ಸಾಲು. ಡ್ರೈವ್ ಕೊಡಿ, ತಮ್ಮನನ್ನು ಕರೆದುಕೊಂಡು ಹೋಗಿ. ಪೊಲೀಸ್ ಬಂದರೆ ಎಡಗೈಯೂ ಹೀಗೇ ಆಗುತ್ತದೆ.

“ಯಾವ ಡ್ರೈವ್?”

“ಪುಟ್ಟ ಗೇಮ್ ಪಾರ್ಲರ್ ಇಟ್ಟಿದ್ನಲ್ಲ ಅಣ್ಣ. ಡಿಸ್ಕ್‌ಗಳು ಗೀರು ಬಿದ್ದು ಹಾಳಾಗ್ತವೆ ಅಂತ ಎಲ್ಲಾ ಆಟಾನೂ ಅದಕ್ಕೆ ಬ್ಯಾಕಪ್ ಮಾಡಿಟ್ಟಿದ್ದ. ಪಾರ್ಲರ್ ಮುಚ್ಚಿದ. ಡಿಸ್ಕ್‌ಗಳು ಹೋದ್ವು. ಕನ್ಸೋಲು, ಡ್ರೈವ್ ನಮ್ಮನೆ ಅಟ್ಟದ ಮೇಲೆ ಬಿದ್ದಿದ್ವು. ನಾನು ತಂದು ಮಕ್ಕಳ ವಾರ್ಡಿಗೆ ಕೊಟ್ಟೆ.”

ವಾರ್ಡು ಎಂದರೆ ಮೂಳೆ ಮುರಿದ ಮಕ್ಕಳ ವಾರ್ಡು. ಕಾಲಿಗೆ ತೂಕ ಕಟ್ಟಿಸಿಕೊಂಡು ತಿಂಗಳುಗಟ್ಟಲೆ ಅಂಗಾತ ಮಲಗುವ ಮಕ್ಕಳು. ಕೈ ಮಾತ್ರ ಆಡುತ್ತದೆ. ಆ ಕೈಗೆ ಒಂದು ರಿಮೋಟ್ ಕೊಟ್ಟು ಟಿವಿಯಲ್ಲಿ ಟೆನಿಸ್ ಆಡಲು ಬಿಟ್ಟರೆ ಅಳು ನಿಲ್ಲುತ್ತದೆ, ನಾನೇ ನೋಡಿದ್ದೇನೆ.

“ಇವತ್ತು ಡ್ರೈವ್ ಕಿತ್ಕೊಂಡು ಬಂದೆ ಅಣ್ಣ,” ಅಂದಳು. “ರಿಪೇರಿಗೆ ಅಂತ ಸುಳ್ಳು ಹೇಳ್ದೆ. ನಮ್ಮ ಪಾಯಿಂಟೆಲ್ಲ ಹೋಗುತ್ತಾ ಅಂತ ಒಂದು ಹುಡುಗಿ ಅತ್ಲು. ಇಲ್ಲಮ್ಮಾ, ಆಟ ಡ್ರೈವ್‌ನಲ್ಲಿರುತ್ತೆ, ಯಾರು ಎಷ್ಟು ಆಡಿದ್ರು ಅನ್ನೋದು ಕನ್ಸೋಲ್ ಹೊಟ್ಟೇಲೇ ಉಳ್ಕೊಳ್ಳುತ್ತೆ ಅಂದೆ. ಹೊಸ ಡಿಸ್ಕ್ ಕೊಡಿಸೋಕೆ ಎಲ್ಲಿ ಸಿಗುತ್ತೆ? ಆ ಕನ್ಸೋಲ್ ಮಾಡೋದೇ ನಿಲ್ಲಿಸಿದಾರೆ.”

“ತಮ್ಮ ಈ ಡ್ರೈವ್ ವಾಪಸ್ ಕೇಳಿರಲಿಲ್ವಾ?”

“ಹೋದ ತಿಂಗಳು ಕೇಳ್ದ. ಕಾಲು ಮುರಿದು ಮಲಗಿರೋ ಮಕ್ಕಳ ಕೈಯಿಂದ ಕಿತ್ಕೋಬೇಕಾ ಅಂದೆ. ಸುಮ್ನಾದ. ಒಳ್ಳೇ ಹುಡುಗ ಅಣ್ಣ. ಆ ಕೈ... ಆ ಕೈ ಹಿಡ್ಕೊಂಡೇ ನಾನು ಅವನಿಗೆ ನಡೆಯೋಕೆ ಕಲಿಸಿದ್ದು.”

ಊರಿನವರ ಕೈಯೆಲ್ಲ ಕಟ್ಟಿದವಳು ಆ ಫೋಟೋದ ಬ್ಯಾಂಡೇಜನ್ನು ಸರಿಯಾಗಿ ನೋಡಿರಲಿಲ್ಲ. ತಮ್ಮ ಎಂದರೆ ಕಣ್ಣಿಗೆ ಬಟ್ಟೆ.

ಸರಿ, ಮತ್ತೆ ಸಕ್ಕರೆಯ ಕೋಣೆಗೆ ಬರೋಣ.

“ಆ ಮೂಲೇಲಿ ಅದೇ ಕನ್ಸೋಲ್ ಇದೆಯಲ್ಲ,” ಅಂದೆ. “ಅದಕ್ಕೆ ಹಾಕಿ. ವೈರು ಚುಚ್ಚೋಕೆ ಹಿಂದೆ ಎರಡು ಪೋರ್ಟ್ ಇರುತ್ತೆ, ಒಂದರಲ್ಲಿ ಮಾತ್ರ ಓಡುತ್ತೆ. ಯಾವುದು ಅಂತ ಪುಟ್ಟನ್ನ ಕೇಳಿ. ಬಾಯಿ ಬಿಚ್ಚಿ ಅವನದು.”

ಬಾಗಿಲು ನನ್ನ ಕತ್ತು ಬಿಟ್ಟು ಟೇಪು ಕಿತ್ತ. ಕುರ್ಚಿಸಮೇತ ಅವನನ್ನು ಎತ್ತಿ ಟಿವಿಯ ಮುಂದಿಟ್ಟ.

“ಅಂಚಿಂದು,” ಅಂದ ಪುಟ್ಟ. “ಅಂಚಿನ ಪೋರ್ಟ್. ಹುಷಾರಾಗಿ ಹಾಕಿ.”

ಡ್ರೈವ್ ಗುಂಯ್ ಎಂದಿತು. ಟಿವಿಯ ತುಂಬ ಆಟಗಳ ಚಿತ್ರ, ಸಾಲು ಸಾಲು. ಸಕ್ಕರೆಯ ಮುಖ ಅರಳಿತು. ಅವನು ತೆರೆಯಲಿದ್ದ ಹೊಸ ಗೇಮ್ ಪಾರ್ಲರಿಗೆ ಬೇಕಾದದ್ದೆಲ್ಲ ಒಂದು ಅಂಗೈಯಗಲದ ಪೆಟ್ಟಿಗೆಯಲ್ಲಿತ್ತು.

“ಒಂದು ಓಡಿಸಿ ನೋಡೋ,” ಅಂದ.

ಬಾಗಿಲು ಟೆನಿಸ್ ಒತ್ತಿದ. ಯಾರ ಹೆಸರಿನಲ್ಲಿ ಆಡುತ್ತೀರಿ ಎಂದು ಪರದೆ ಕೇಳಿತು. ನಾಲ್ಕಾರು ಬೊಂಬೆ ಮುಖಗಳು. ಅದರಲ್ಲಿ ಒಂದಕ್ಕೆ ದಪ್ಪ ಕನ್ನಡಕ, ನಡುಬೈತಲೆ. ಕೆಳಗೆ ಹೆಸರು, ಪುಟ್ಟ. ಅದರ ಪಕ್ಕದಲ್ಲಿ ಪ್ರೊ ಎಂಬ ಪಟ್ಟ, ಬಹಳ ಆಟ ಗೆದ್ದವರಿಗೆ ಮಾತ್ರ ಸಿಗುವಂಥದ್ದು.

ನಾನು ಕುರ್ಚಿಯ ಕಡೆ ನೋಡಿದೆ. ದಪ್ಪ ಕನ್ನಡಕ, ನಡುಬೈತಲೆ.

ಆಟ ಡ್ರೈವ್‌ನಲ್ಲಿರುತ್ತದೆ. ಆಡಿದವರ ಗುರುತು ಕನ್ಸೋಲಿನ ಹೊಟ್ಟೆಯಲ್ಲಿ. ಈ ಕನ್ಸೋಲ್ ಸಕ್ಕರೆಯದು, ಪಕ್ಕದಲ್ಲಿ ಅವನದೇ ಒಂದು ಹಳೆಯ ಟೆನಿಸ್ ಡಿಸ್ಕೂ ಬಿದ್ದಿತ್ತು. ಹಾಗಾದರೆ ಪುಟ್ಟ ಇಲ್ಲಿ ಕೂತು, ಪ್ರೊ ಆಗುವಷ್ಟು ಹೊತ್ತು, ರಿಮೋಟ್ ಬೀಸಿದ್ದಾನೆ.

ಹಿಂದೆ ಯಾವಾಗಲಾದರೂ ಆಡಿರಬಹುದು, ನಿಜ. ಆದರೆ ಅನುಮಾನ ಹಲ್ಲಿನ ಸಂದಿಗೆ ಸಿಕ್ಕ ನಾರಿನ ಹಾಗೆ, ತೆಗೆಯುವ ತನಕ ಬಿಡುವುದಿಲ್ಲ.

“ಪುಟ್ಟಪ್ಪ, ಈ ಜಾಗ ನಿನಗೆ ಗೊತ್ತಿತ್ತಾ?”

“ಇಲ್ಲ ಸಾರ್. ಕಣ್ಣಿಗೆ ಬಟ್ಟೆ ಕಟ್ಟಿ ತಂದ್ರು.”

“ಕೈ ಹೇಗಿದೆ?”

“ಬೆರಳು ಅಲ್ಲಾಡಿಸೋಕೇ ಆಗಲ್ಲ ಸಾರ್.”

“ಅಯ್ಯೋ ಪಾಪ,” ಅಂದೆ. ಬಾಗಿಲಿನ ಕೈಯಿಂದ ರಿಮೋಟ್ ತೆಗೆದುಕೊಂಡೆ. “ಕೊಡಿ, ನಾನೇ ಓಡಿಸಿ ತೋರಿಸ್ತೀನಿ. ಆಮೇಲೆ ಡ್ರೈವ್ ಸರಿಯಿಲ್ಲ ಅಂತ ನನ್ನ ಕತ್ತಿಗೆ ಬರಬೇಡಿ.”

ಪುಟ್ಟನ ಬಲಕ್ಕೆ ಒಂದು ಸ್ಟೂಲ್ ಎಳೆದು ಕೂತು ಕನ್ನಡಕದ ಬೊಂಬೆಯನ್ನೇ ಆರಿಸಿದೆ. ಪುಟ್ಟನ ಹೆಸರಿನಲ್ಲಿ, ಯಂತ್ರದ ವಿರುದ್ಧ.

ನಾನು ಹುಟ್ಟಿದಂದಿನಿಂದ ಟೆನಿಸ್ ಆಡಿದವನಲ್ಲ. ಆದರೂ ಅಷ್ಟು ಕೆಟ್ಟದಾಗಿ ಆಡಲು ಸ್ವಲ್ಪ ಕಷ್ಟಪಡಬೇಕಾಯಿತು. ಚೆಂಡು ಬಂದರೆ ನೊಣ ಓಡಿಸಿದ ಹಾಗೆ ಬೀಸಿದೆ. ಚೆಂಡು ಹೋದ ಮೇಲೆ ಇನ್ನೊಮ್ಮೆ ಬೀಸಿದೆ. ಒಂದು ಆಟ ಸೋತೆ. ಪಾಯಿಂಟಿನ ಗೆರೆ ಕೆಳಗೆ ಜಾರಿತು. ಬಾಗಿಲು ಕಿಸಕ್ಕೆಂದ.

ಪಕ್ಕದ ಕುರ್ಚಿ ಕಿರುಗುಟ್ಟಿತು.

“ಇನ್ನೊಂದ್ಸಲ,” ಅಂದೆ.

“ಓಡುತ್ತಲ್ಲ ಸಾರ್, ಸಾಕು ಬಿಡಿ,” ಅಂದ ಪುಟ್ಟ. ಅವನ ಹಣೆಯಲ್ಲಿ ಬೆವರು.

ಇನ್ನೊಂದು ಆಟ ಸೋತೆ. ಗೆರೆ ಇನ್ನಷ್ಟು ಜಾರಿತು. ಪ್ರೊ ಎಂಬ ಪಟ್ಟ ಹೋಗುವುದಕ್ಕೆ ಒಂದೇ ಒಂದು ಸೋಲು ಬಾಕಿ.

“ಮಣಿಕಟ್ಟು ತಿರುಗಿಸಬೇಡಿ ಸಾರ್...”

“ಹೀಗಾ?”

“ಅಲ್ಲ, ತಡವಾಗಿ ಬೀಸಿ... ಈಗ... ಥೂ, ಈಗ ಅಲ್ಲ.”

ಕೊನೆಯ ಆಟ, ಕೊನೆಯ ಪಾಯಿಂಟ್. ಚೆಂಡು ಎತ್ತರದಿಂದ ತೇಲಿ ಬಂತು. ನಾನು ರಿಮೋಟನ್ನು ತೊಡೆಯ ಮೇಲಿಟ್ಟು ನನ್ನ ಕನ್ನಡಕ ಒರೆಸಲು ಕೈ ಹಾಕಿದೆ.

ರಿಮೋಟ್ ಮಾಯ.

ಬ್ಯಾಂಡೇಜು ಸುತ್ತಿದ ಬಲಗೈ ಗಾಳಿಯಲ್ಲಿ ಸುಂಯ್ ಎಂದು ಬೀಸಿತು. ಚೆಂಡು ಗೆರೆಯ ಒಳಗೆ ಅಪ್ಪಳಿಸಿ ಆಚೆ ಹಾರಿತು. ಟಿವಿಯಲ್ಲಿ ಚಪ್ಪಾಳೆ.

“ಪುಟ್ಟಣ್ಣ, ನಿನ್ನೆದಕ್ಕಿಂತ ಸೂಪರ್,” ಅಂದ ಬಾಗಿಲು, ಮನಸಾರೆ.

ಸಕ್ಕರೆ ಕಣ್ಣು ಮುಚ್ಚಿಕೊಂಡ.

ಪುಟ್ಟ ತನ್ನ ಕೈಯನ್ನೇ ನೋಡುತ್ತಿದ್ದ, ಅದು ಬೇರೆ ಯಾರದೋ ಎಂಬಂತೆ. ನನಗೆ ಸಿಟ್ಟು ಬರಬೇಕಿತ್ತು. ಬರಲಿಲ್ಲ. ಬೆಳಿಗ್ಗೆ ನಡುಗುತ್ತಿದ್ದ ಆ ಹೆಂಗಸು ನೆನಪಾದಳು.

“ಗೊತ್ತಾಯ್ತಲ್ಲ ಸಾರ್, ಒಳ್ಳೇದಾಯ್ತು,” ಅಂದ ಸಕ್ಕರೆ, ಮೆಲ್ಲಗೆ. “ಡ್ರೈವ್ ನಂದು, ಪುಟ್ಟ ನನ್ನ ಪಾರ್ಟ್ನರ್. ನೀವು ಹೊರಡಿ. ನಡ್ಕೊಂಡೇ ಹೋಗಿ, ಕಾಲು ಇರುವಾಗ.”

ಬಾಗಿಲು ಬಾಗಿಲಿಗೆ ಅಡ್ಡ ನಿಂತ, ನಾನೊಬ್ಬನೇ ಖಾಲಿ ಕೈಯಲ್ಲಿ ಹೊರಟರೆ ಮಾತ್ರ ಸರಿಯುವವನ ಹಾಗೆ.

ನಾನು ಡ್ರೈವಿನ ವೈರು ಕಿತ್ತೆ. ಕನ್ಸೋಲಿನಿಂದ ಕಿತ್ತು ಲ್ಯಾಪ್‌ಟಾಪಿಗೆ ಚುಚ್ಚಿದೆ. ಅದು ತಡಮಾಡಲಿಲ್ಲ. ಫಾರ್ಮ್ಯಾಟ್ ಮಾಡಲೇ? ನನ್ನ ಬೆರಳು ಎಂಟರ್ ಮೇಲೆ.

“ಅವನು ಸರೀಬೇಕು,” ಅಂದೆ. “ಪುಟ್ಟನ ಹಗ್ಗ ಬಿಚ್ಚಬೇಕು. ನನಗೆ ಬೆರಳು ನಡುಗೋ ಕಾಯಿಲೆ ಇದೆ.”

“ಸಾರ್, ಬೇಡ ಸಾರ್,” ಎಂದು ಕೂಗಿದ್ದು ಪುಟ್ಟ. “ನನ್ನ ಎಲ್ಲಾ ಡಿಸ್ಕ್ ಹೋಗಿವೆ. ಅದೊಂದೇ ಉಳಿದಿರೋದು.”

“ನಡಿ ಹಾಗಾದ್ರೆ. ನಿಮ್ಮಕ್ಕ ತಮ್ಮನ್ನ ಕರ್ಕೊಂಡು ಬನ್ನಿ ಅಂದಿದಾಳೆ. ನಾನು ಒಪ್ಪಿಕೊಂಡ ಕೆಲಸ ಅದು.”

ಎಡ ತೋಳಿನ ಮೇಲೆ ತೆರೆದ ಲ್ಯಾಪ್‌ಟಾಪ್, ಅದರಿಂದ ನೇತಾಡುವ ಡ್ರೈವ್, ಬಲಗೈ ಬೆರಳು ಕೀ ಮೇಲೆ. ಮುಂದೆ ಪುಟ್ಟ. ಹಿಂದೆ ಸಕ್ಕರೆ, ಅವನ ಹಿಂದೆ ಬಾಗಿಲು. ಹಾಗೆ ಮೆಟ್ಟಿಲು ಇಳಿದೆವು, ದಿಬ್ಬಣದ ಹಾಗೆ. ನನ್ನ ಮೊಣಕಾಲು ಪ್ರತಿ ಮೆಟ್ಟಿಲಿಗೂ ಬೈಯುತ್ತಿತ್ತು.

ಎರಡನೇ ಮಹಡಿಯಲ್ಲಿ ಲ್ಯಾಪ್‌ಟಾಪ್ ಟಿಣ್ ಎಂದಿತು. ಬ್ಯಾಟರಿ ಮುಗಿಯುತ್ತಿದೆ, ಚಾರ್ಜರ್ ಹಾಕಿ.

ಸಕ್ಕರೆಗೂ ಕೇಳಿಸಿತು.

“ನಿಧಾನ ಸಾರ್,” ಅಂದ. ನಗು ದನಿಯಲ್ಲೇ ಗೊತ್ತಾಯಿತು. “ಅವಸರ ಏನಿದೆ? ಮೆಟ್ಟಿಲು ಜಾರುತ್ತೆ.”

ಒಂದನೇ ಮಹಡಿ. ಹಳೆಯ ಮಿಕ್ಸರ್‌ಗಳ ರಾಶಿ, ಒಡೆದ ಟಿವಿಗಳು, ಜಾಗವೇ ಇಲ್ಲ. ಮತ್ತೆ ಟಿಣ್. ಕೊನೆಯ ತಿರುವಿನಲ್ಲಿ ಪರದೆ ಕಪ್ಪಾಯಿತು.

ನಾನು ಬೆರಳು ಎತ್ತಲಿಲ್ಲ. ತೋಳನ್ನು ಮೈಗೆ ಒತ್ತಿಕೊಂಡೆ. ಪರದೆ ಹಿಂದಿನವರಿಗೆ ಕಾಣದ ಹಾಗೆ ನಡೆದೆ. ಬೀದಿಯಲ್ಲಿ ನನ್ನ ಟ್ಯಾಕ್ಸಿ ಕಾಯುತ್ತಿತ್ತು. ಪುಟ್ಟನನ್ನು ಒಳಗೆ ತಳ್ಳಿದೆ. ಟ್ಯಾಕ್ಸಿಯ ಗಾಜಿನಲ್ಲಿ ಕಪ್ಪು ಪರದೆ ಸಕ್ಕರೆಗೆ ಫಳಕ್ಕನೆ ಕಂಡಿತು.

“ಹಿಡಿಯೋ ಅವನನ್ನ,” ಅಂದ ಸಕ್ಕರೆ. ಸಿಹಿ ಒಂದಿಷ್ಟೂ ಇರಲಿಲ್ಲ.

ಬಾಗಿಲು ಓಡಿ ಬಂದ. ನಾನು ಡ್ರೈವ್ ಕಿತ್ತು ಜೇಬಿಗಿಳಿಸಿದೆ. ಲ್ಯಾಪ್‌ಟಾಪನ್ನು ಅವನ ಎದೆಗೆ ಎಸೆದೆ. ಪಾಪದವನು, ಸಾಹುಕಾರನ ಸಾಮಾನು ಕೆಳಗೆ ಬೀಳಬಾರದೆಂದು ಎರಡೂ ಕೈಯಿಂದ ಹಿಡಿದುಕೊಂಡ. ಅಷ್ಟರಲ್ಲಿ ನಾನು ಒಳಗಿದ್ದೆ. ಟ್ಯಾಕ್ಸಿ ಹೊರಟಿತ್ತು.

ಎರಡು ಬೀದಿ ದಾಟಿದ ಮೇಲೆ ಪುಟ್ಟ ಶುರು ಮಾಡಿದ.

“ಒಂದೊಂದು ಆಟಾನೂ ನಾನು ಕೂತು ಬ್ಯಾಕಪ್ ಮಾಡಿದ್ದು ಸಾರ್. ಓಡದೇ ಇದ್ದಿದ್ದನ್ನ ಓಡಿಸಿದ್ದು. ಅಕ್ಕ ನನ್ನ ಒಂದು ಮಾತು ಕೇಳದೆ ಎತ್ತಿ ಕೊಟ್ಬಿಟ್ಲು. ಸಕ್ಕರೆ ಪಾರ್ಲರಲ್ಲಿ ಪಾಲು ಕೊಡ್ತೀನಿ ಅಂದ. ನನ್ನದನ್ನ ನಾನು ಕೇಳಿದ್ರೆ ನಾನೇ ಕೆಟ್ಟೋನು.”

ಮಾತಿನಲ್ಲಿ ಸ್ವಲ್ಪ ನ್ಯಾಯವಿತ್ತು. ಅದೇ ಬೇಸರ. ಪೂರ್ತಿ ಕೆಟ್ಟವನಾಗಿದ್ದರೆ ನನ್ನ ಕೆಲಸ ಸಲೀಸಾಗಿರುತ್ತಿತ್ತು.

“ಕೇಳಿದ್ದು ತಪ್ಪಲ್ಲ,” ಅಂದೆ. “ಆ ಫೋಟೋ ಕಳಿಸಿದ್ದು ತಪ್ಪು.”

“ಅಕ್ಕನಿಗೆ ಹೇಳಬೇಡಿ ಸಾರ್. ನಿಮ್ಮ ಕಾಲಿಗೆ ಬೀಳ್ತೀನಿ.”

ಯೋಚಿಸಿದೆ. ಹೇಳಿದರೆ ಅವಳಿಗೆ ತಮ್ಮ ಇಲ್ಲದ ಹಾಗಾಗುತ್ತದೆ. ಹೇಳದಿದ್ದರೆ ಕಳ್ಳನನ್ನು ಮುದ್ದು ಮಾಡುತ್ತ ಬದುಕುತ್ತಾಳೆ. ಎರಡೂ ನನಗೆ ಬೇಡವಾಗಿತ್ತು.

“ನಾನು ಹೇಳಲ್ಲ,” ಅಂದೆ. “ಡ್ರೈವ್ ವಾರ್ಡಿಗೆ ಹೋಗುತ್ತೆ. ಮಿಕ್ಕಿದ್ದು ನಿನಗೆ ಬಿಟ್ಟಿದ್ದು.”

ಪ್ಲಾಸ್ಟರ್ ರೂಮಿನಲ್ಲಿ ಅವಳೊಬ್ಬಳೇ ಇದ್ದಳು. ತಮ್ಮನನ್ನು ಕಂಡವಳೇ ಎದ್ದು ಬಂದು ತಲೆ, ಕೆನ್ನೆ, ಭುಜ ಎಲ್ಲ ಸವರಿ ನೋಡಿದಳು. ಕಣ್ಣಲ್ಲಿ ನೀರು ಸುರಿಯುತ್ತಿತ್ತು, ಒರೆಸಿಕೊಳ್ಳಲಿಲ್ಲ. ನಾನು ಡ್ರೈವನ್ನು ಮೇಜಿನ ಮೇಲಿಟ್ಟೆ. ಇದನ್ನೂ ತಂದ್ರಾ ಎಂದು ಕೇಳಲಿಲ್ಲ. ಒಮ್ಮೆ ನೋಡಿದಳು, ಒಮ್ಮೆ ನನ್ನ ಮುಖ ನೋಡಿದಳು. ನಾನು ಕಿಟಕಿ ನೋಡಿದೆ.

“ಕೂತ್ಕೋ. ಕೈ ಕೊಡು.”

ಬ್ಯಾಂಡೇಜು ಬಿಚ್ಚಿದಳು. ಸುತ್ತು ಸುತ್ತಾಗಿ, ನಿಧಾನವಾಗಿ, ಅರ್ಧ ಬಿಚ್ಚುವ ಹೊತ್ತಿಗೆ ಅವಳ ಕೈ ಒಮ್ಮೆ ನಿಂತಿತು. ಮತ್ತೆ ಬಿಚ್ಚಿದಳು. ಒಳಗೆ ಪುಟ್ಟನ ಕೈ ಒಂದು ಗೀರೂ ಇಲ್ಲದೆ ತೊಳೆದಿಟ್ಟ ಹಾಗಿತ್ತು.

ಅವನು ಈಗ ಹೇಳಬಹುದಿತ್ತು. ಬಾಗಿಲು ಮುಚ್ಚಿತ್ತು, ಕೋಣೆಯಲ್ಲಿ ಮೂವರೇ, ಅವಳು ಕಾಯುತ್ತಿದ್ದಳು ಕೂಡ.

“ಎಲ್ಲಿ ನೋವು?” ಅಂದಳು.

ಪುಟ್ಟ ನನ್ನ ಕಡೆ ನೋಡಿದ.

“ಇಲ್ಲಿ,” ಅಂದ, ಮಣಿಕಟ್ಟು ತೋರಿಸಿ. “ಒಳಗೆ ಮುರಿದಿದೆ ಅನ್ಸುತ್ತೆ ಅಕ್ಕ.”

“ಇಲ್ಲಿ?”

“ಹೂಂ. ಅಮ್ಮಾ... ಹೂಂ.”

ಅವಳು ತಲೆಯಾಡಿಸಿದಳು. ಬಕೆಟ್ಟಿಗೆ ನೀರು ಬಿಟ್ಟಳು. ಪ್ಲಾಸ್ಟರಿನ ಪಟ್ಟಿಗಳನ್ನು ಅದ್ದಿ ಹಿಂಡಿ ಬೆರಳ ತುದಿಯಿಂದ ಸುತ್ತಲು ಶುರು ಮಾಡಿದಳು. ಹೆಬ್ಬೆರಳನ್ನೂ ಬಿಡಲಿಲ್ಲ. ಮಣಿಕಟ್ಟು ದಾಟಿದಳು, ಮೊಣಕೈ ದಾಟಿದಳು. ಅವಳ ಕಣ್ಣೀರು ಆ ಹಸಿ ಪ್ಲಾಸ್ಟರಿನ ಮೇಲೇ ಬೀಳುತ್ತಿತ್ತು. ಕೈ ಮಾತ್ರ ಒಂದು ಸಲವೂ ತಪ್ಪಲಿಲ್ಲ. ಅಷ್ಟು ಗಟ್ಟಿಯಾದ ಕಟ್ಟನ್ನು ಅವಳು ನನಗೂ ಎಂದೂ ಹಾಕಿರಲಿಲ್ಲ.

“ಎಷ್ಟು ದಿನ ಅಕ್ಕ?” ಅಂದ ಪುಟ್ಟ, ಸಣ್ಣ ದನಿಯಲ್ಲಿ.

“ವಾಸಿಯಾಗೋ ತನಕ.” ಕೈ ತೊಳೆದುಕೊಂಡಳು. ಇನ್ನೊಂದು ಪಟ್ಟಿ ನೀರಿಗೆ ಹಾಕಿದಳು. “ಎಡಗೈ ಕೊಡು.”

“ಇದಕ್ಕೇನೂ ಆಗಿಲ್ಲ ಅಕ್ಕ.”

“ಬಲಗೈಗೆ ಏನಾಗಿತ್ತು?”