ಮೊದಲು ಒಂದು ಹನಿ

“ಆ ಶಾಂಪೂ ಮುಟ್ಟಬೇಡಿ!”

ಪಾರ್ಲರಿನಲ್ಲಿ ಗಿರಾಕಿಯ ತಲೆ ತೊಳೆಯುತ್ತಿದ್ದ ಅವಳು ಬೆಚ್ಚಿ ತಿರುಗಿದಳು. ಬಾಗಿಲಲ್ಲಿ ಶಾಂಪೂ ಮಾರಲು ಬಂದ ಹೊಸಬ ನಿಂತಿದ್ದ. ಅವನ ಕಣ್ಣು ಅವಳ ಬಿರಿದು ಕೆಂಪಾದ ಬೆರಳುಗಳ ಮೇಲಿತ್ತು.

“ಅದರ ಪರಿಮಳ ನಿಮಗೆ ಆಗ್ತಿಲ್ಲ ಅನ್ಸುತ್ತೆ. ಕೈ ನೋಡ್ಕೊಂಡಿದೀರಾ?”

ಅಯ್ಯೋ... ತಿಂಗಳಿಂದ ಮುಚ್ಚಿಟ್ಟಿದ್ದನ್ನು ಒಂದೇ ಮಾತಿಗೆ ಬಯಲು ಮಾಡಿದನಲ್ಲ! ಪಾರ್ಲರಿನ ಒಡತಿಯಾದ ಚಿಕ್ಕಮ್ಮ ಬಂದು ಅವಳ ಕೈ ಹಿಡಿದು ನೋಡಿದಳು.

“ನಾಳೆಯಿಂದ ನೀನು ತಲೆ ತೊಳೆಯೋದು ಬೇಡ. ಫೋನ್ ಎತ್ಕೊಂಡು ಕೂತಿರು.”

ಅವಳಿಗೆ ಬರುತ್ತಿದ್ದುದು ಅದೊಂದೇ ಕೆಲಸ. ಇಷ್ಟವಾದದ್ದೂ ಅದೊಂದೇ. ಅಳುತ್ತಲೇ ಅವನತ್ತ ತಿರುಗಿದಳು.

“ನಿಮ್ಮ ಸರಕು ಮಾರೋಕೆ ನನ್ನ ಹೊಟ್ಟೆ ಮೇಲೆ ಹೊಡೆದ್ರಲ್ಲ! ಇನ್ನೊಂದ್ಸಲ ಇಲ್ಲಿ ಕಾಲಿಡಬೇಡಿ!”

ಅವನು ತಲೆ ತಗ್ಗಿಸಿ ಹೋದ. ವಾರವಾದರೂ ಬರಲಿಲ್ಲ. ಇವಳಿಗೆ ನೆಮ್ಮದಿಯಾಗಬೇಕಿತ್ತು ತಾನೇ? ಎಲ್ಲಿಯ ನೆಮ್ಮದಿ! ಅಂಗಾಲು ಸುಟ್ಟ ಬೆಕ್ಕಿನಂತೆ ಕುರ್ಚಿಗೂ ಬಾಗಿಲಿಗೂ ಓಡಾಡಿದಳು. ಬೆರಳಿನ ಬಿರುಕು ಮಾಯುತ್ತಿತ್ತು, ಮನಸ್ಸು ಹೇಳಿದ ಮಾತು ಕೇಳುತ್ತಿರಲಿಲ್ಲ.

‘ಬರಬೇಡ ಅಂದ್ರೆ ಬರದೇ ಇರೋದಾ...?’

ಎಂಟನೆಯ ದಿನ ಬಂದ. ಬಾಟಲಿಯೊಂದನ್ನು ಮೇಜಿನ ಮೇಲಿಡುವಾಗ ಅವನ ಅಂಗಿಯ ತೋಳು ಮೇಲೆ ಸರಿಯಿತು. ಕೈಯಲ್ಲಿ ಸಾಲಾಗಿ ಕೆಂಪು ಕಲೆಗಳು!

“ಏನ್ರೀ ಇದು?”

“ಆರು ಶಾಂಪೂ ಹಚ್ಚಿ ನೋಡಿದೆ. ಇದು ಮಾತ್ರ ಒಂಚೂರೂ ಉರೀಲಿಲ್ಲ. ಪರಿಮಳ ಇಲ್ಲ, ನೊರೆನೂ ಕಮ್ಮಿ... ನಿಮ್ಮ ಕೆಲಸ ನಿಮಗೆ ವಾಪಸ್ ಸಿಗಲಿ ಅಂತ.”

ಅವಳಿಗೆ ನಗುವೂ ಅಳುವೂ ಒಟ್ಟಿಗೇ ಬಂದವು.

“ಎಂಥಾ ಪೆದ್ದು ರೀ ನೀವು! ನಿಮ್ಮ ಮೈಗೆ ಒಗ್ಗಿದ್ದು ನನ್ನ ಮೈಗೂ ಒಗ್ಗುತ್ತಾ? ನನ್ನ ಕೈಗೆ ಹಚ್ಚಿ ನೋಡ್ಬೇಕು.”

ನೀರು ಬೆರೆಸಿದ ಒಂದು ಹನಿಯನ್ನು ಮೊಣಕೈ ಒಳಮಗ್ಗುಲಿಗೆ ಹಚ್ಚಿ, ಸ್ವಲ್ಪ ಹೊತ್ತು ಬಿಟ್ಟು ತೊಳೆದಳು. ಇನ್ನು ಎರಡು ದಿನ ಕಾಯಬೇಕು.

ಆ ಎರಡು ದಿನ! ಕಿಟಕಿಯ ಬೆಳಕಿಗೆ ಕೈ ಹಿಡಿದು ನೂರು ಸಲ ನೋಡಿಕೊಂಡಳು. ‘ಕೆಂಪಾದ್ರೆ ಕೆಲಸ ಹೋಯ್ತು... ಇವರೂ ಹೋಗ್ಬಿಟ್ರೆ?’

ಮೂರನೆಯ ದಿನ ಪಾರ್ಲರಿನ ಬೀಗ ತೆಗೆಯುವ ಮೊದಲೇ ಅವನು ಮೆಟ್ಟಿಲ ಮೇಲೆ ಕೂತಿದ್ದ. ಅವಳು ಕೈ ಚಾಚಿದಳು. ಒಂದು ಕಲೆಯೂ ಇಲ್ಲ!

ಚಿಕ್ಕಮ್ಮನೂ ಬಗ್ಗಿ ನೋಡಿದಳು. “ಸರಿ, ಗ್ಲೌಸ್ ಹಾಕ್ಕೊಂಡು ತೊಳಿ ಹೋಗು,” ಎಂದು ಒಳಗೆ ನಡೆದಳು.

“ಹಾಗಾದ್ರೆ... ನಾನು ಬಂದ ಕೆಲಸ ಮುಗೀತು,” ಎಂದ ಅವನು, ಏಳದೆಯೇ.

“ಮುಗಿದಿಲ್ಲ. ನೀವು ಬರದಿದ್ರೆ ನಂಗೆ ಕೂತಲ್ಲಿ ಕೂರೋಕಾಗಲ್ಲ. ದಿನಾ ಬನ್ನಿ.”

“ದಿನಾ ತಲೆ ತೊಳಿಸ್ಕೊಂಡ್ರೆ ನನ್ನ ಕೂದಲು ಒಣಗಲ್ವಾ?”

“ತಲೆ ತೊಳಿಸ್ಕೊಳ್ಳೋಕಲ್ಲ ರೀ... ನನ್ನ ಜೊತೆ ಇರೋಕೆ!”

ಅವನ ಕಣ್ಣು ತುಂಬಿತು. “ಆ ಮಾತು ಕೇಳೋಕೇ ಬೆಳಕು ಹರಿಯೋ ಮೊದಲಿಂದ ಇಲ್ಲಿ ಕೂತಿದ್ದೆ.”