ಅರ್ವಾ ಹೇಳುತ್ತಾಳೆ

ಗುಬ್ಬಿ ರೈಲು ನಿಲ್ದಾಣದ ಹತ್ತಿರದ ಮಹಡಿ ಮನೆ. ಮೆಟ್ಟಿಲು ಹತ್ತಿ ಬಂದ ಶಶಿಕಲಾಗೆ ಗುರುಪ್ರಕಾಶರು ಕೂರಲೂ ಹೇಳಲಿಲ್ಲ.

"ಇದೇನು ಮಾಡಿದೀರಾ ಮೇಡಂ?" ಕೈಯಲ್ಲಿದ್ದ ಹಾಳೆಗಳ ತುಂಬ ಅವಳ ಕೆಂಪು ಇಂಕು. "ಅರ್ವಾ ಹೇಳುತ್ತಾಳೆ ಅಂತ ಬರೆದಿದ್ದೆ. ಎಲ್ಲಾ ಕಡೆ ಹೇಳುತ್ತಿದ್ದಳು ಅಂತ ತಿದ್ದಿದೀರಿ."

"ಹನ್ನೊಂದು ವರ್ಷದ ಹಿಂದಿನ ವಿಷಯ ಅಲ್ವಾ ಸರ್? ಭೂತಕಾಲ."

"ಹಾಗಂತ ಯಾರು ಹೇಳಿದ್ರು ನಿಮಗೆ?"

ಶಶಿಕಲಾ ಮೆಟ್ಟಿಲಿಳಿದು ಹೊರಟುಬಿಟ್ಟಳು. ಅವಳು ತುಮಕೂರಿನ ಕಾಲೇಜಿನಲ್ಲಿ ಕನ್ನಡ ಪಾಠ ಮಾಡುವವಳು. ಗಂಡನಿಂದ ಬೇರೆಯಾಗಿ ಹತ್ತು ವರ್ಷ. ಗುರುಪ್ರಕಾಶರು ಕುಣಿಗಲ್‌ನಲ್ಲಿ ಹುಟ್ಟಿ, ವಿದೇಶಾಂಗ ಸೇವೆ ಸೇರಿ, ಅರಬ್ ದೇಶಗಳಲ್ಲೇ ಇಪ್ಪತ್ತೈದು ವರ್ಷ ಕಳೆದವರು. ಯೆಮನ್ನಿನ ಹಳೆಯ ಹಾಡುಗಳ ಬಗ್ಗೆ ಈಗ ಕನ್ನಡದಲ್ಲಿ ಪುಸ್ತಕ ಬರೆಯುತ್ತಿದ್ದರು. ಅದನ್ನು ತಿದ್ದಲು ಪ್ರತಿ ಶನಿವಾರ ಅವಳು ಬರುತ್ತಿದ್ದಳು.

ಮುಂದಿನ ಶನಿವಾರ ಕ್ಷಮೆಯ ಬದಲು ಅವರು ಶುಂಠಿ ಹಾಕಿದ ಯೆಮನ್ ಕಾಫಿ ಕೊಟ್ಟರು.

"ಹೇಗಿದೆ?"

"ಶೀತ ಇದ್ರೆ ಹೋಗುತ್ತೆ ಸರ್."

ಅವರು ನಕ್ಕರು. ಕನ್ನಡಕ ತೆಗೆದು, ಕಣ್ಣಂಚು ಒರೆಸಿಕೊಂಡು, ಅವಳನ್ನು ಒಂದು ಕ್ಷಣ ಬರಿಗಣ್ಣಲ್ಲಿ ನೋಡಿದರು. ಅವಳು ಪೆನ್ನಿನ ಕ್ಯಾಪ್ ಹಾಕುವುದನ್ನೇ ಮರೆತಳು. ಬಸ್ಸು ಹತ್ತಿದ ಮೇಲೆ ನೋಡಿದರೆ ಸೀರೆಯ ಮೇಲೆಲ್ಲ ಕೆಂಪು.

ಆದರೆ ರೈಲು ಕೂಗಿತೆಂದರೆ ಅವರ ಮಾತು ಅರ್ಧಕ್ಕೇ ನಿಲ್ಲುತ್ತಿತ್ತು. ಬಾಗಿಲ ಕಡೆ ತಿರುಗಿ ಅರಬ್ಬಿಯಲ್ಲಿ ಏನೋ ಪಿಸುಗುಟ್ಟುತ್ತಿದ್ದರು.

"ಯಾರ ಜೊತೆ ಮಾತಾಡ್ತೀರಾ ಸರ್?" ಒಂದು ದಿನ ಕೇಳಿಯೇ ಬಿಟ್ಟಳು.

"ಅರ್ವಾ ಜೊತೆ." ಯೆಮನ್ನಿನಲ್ಲಿ ಅವರಿಗೆ ಹಾಡುಗಳ ಅರ್ಥ ಬಿಡಿಸಿ ಹೇಳುತ್ತಿದ್ದವಳು. ಅವರು ಪ್ರೀತಿಸಿದವಳು.

"ಯುದ್ಧ ಶುರುವಾಗಿತ್ತು. ಬಾಗಿಲಲ್ಲೇ ನಿಂತಿರು, ಕಾರು ತರ್ತೀನಿ ಅಂದಿದ್ದೆ. ರಸ್ತೆ ಮುಚ್ಚಿದ್ರು. ಬೇರೆ ದಾರಿ ಹುಡುಕಬಹುದಿತ್ತು, ಹೆದರಿಬಿಟ್ಟೆ. ನಮ್ಮವರನ್ನ ವಾಪಸ್ ಕರ್ಕೊಂಡು ಬರೋ ಹಡಗು ಕೂಗ್ತು. ಹತ್ತಿಬಿಟ್ಟೆ." ಬಾಗಿಲ ಕಡೆ ನೋಡುತ್ತ ಹೇಳಿದರು: "ಅವಳ ಬೀದಿ ಮೇಲೆ ಆಮೇಲೆ ಬಾಂಬ್ ಬಿತ್ತು. ಇದಾಳೋ ಇಲ್ವೋ ಗೊತ್ತಿಲ್ಲ."

ಅಂದಿನಿಂದ ಆ ಹೊಸ್ತಿಲು ದಾಟುವಾಗಲೆಲ್ಲ ಶಶಿಕಲಾ ಸ್ವಲ್ಪ ಪಕ್ಕಕ್ಕೆ ಸರಿಯುತ್ತಿದ್ದಳು. ಅಲ್ಲಿ ಯಾರೋ ನಿಂತಿರುವಂತೆ ಮೈ ಜುಮ್ಮೆನ್ನುತ್ತಿತ್ತು.

ಅವರ ಟಿಪ್ಪಣಿಗಳಲ್ಲಿ ಅರ್ವಾಳ ತಮ್ಮನ ಹೆಸರಿತ್ತು. ಶಶಿಕಲಾ ಇಂಟರ್ನೆಟ್ಟಿನಲ್ಲಿ ಹುಡುಕಿ, ಗುರುಪ್ರಕಾಶರಿಗೆ ತಿಳಿಯದಂತೆ, ಕೈರೋದಲ್ಲಿದ್ದ ಅವನಿಗೆ ಈಮೇಲ್ ಬರೆದಳು. ಅರ್ವಾ ಸಿಕ್ಕರೆ ಕಳೆದುಕೊಳ್ಳುವವಳು ತಾನೇ ಎಂದು ಗೊತ್ತಿತ್ತು. ಆರು ವಾರದ ಮೇಲೆ, ಗುಬ್ಬಿ ಬಸ್ಸಿನಲ್ಲಿ ಕೂತಿದ್ದಾಗ ಉತ್ತರ ಬಂತು. ಡಿಲೀಟ್ ಗುಂಡಿಯ ಹತ್ತಿರ ಹೋದ ಬೆರಳನ್ನು ಅವಳೇ ಹಿಂದೆ ತೆಗೆದಳು.

ಗುರುಪ್ರಕಾಶರು ಅವಳ ಫೋನಿನಲ್ಲಿ ಉತ್ತರ ಓದಿ, ಹೊರಗಿನ ಮೆಟ್ಟಿಲ ಮೇಲೆ ಕೂತರು. ಅರ್ವಾ ಬದುಕಿದ್ದಳು, ಕೈರೋದಲ್ಲೇ. ಮದುವೆಯಾಗಿ ಇಬ್ಬರು ಹೆಣ್ಣುಮಕ್ಕಳು. ಗುರುಪ್ರಕಾಶರ ಮೇಲೆ ಅವಳಿಗೆ ಸಿಟ್ಟಿರಲಿಲ್ಲ; ಅಂದು ಅರ್ಧ ಗಂಟೆ ಕಾದು, ತಮ್ಮನ ಜೊತೆ ಹೊರಟುಹೋಗಿದ್ದಳು.

"ಅರ್ಧ ಗಂಟೆ," ಎಂದರು. "ಅಷ್ಟೇ ನಿಂತಿದ್ಲಂತೆ."

"ಇನ್ನು ನೆಮ್ಮದಿಯಾಗಿರಿ ಸರ್. ನಾನು ಬರ್ತೀನಿ."

"ಕೈರೋದಲ್ಲಿರೋಳು ಚೆನ್ನಾಗಿರ್ಲಿ. ಆದ್ರೆ ಇಲ್ಲಿರೋಳು ಹೋಗಿಲ್ಲ, ಶಶಿಕಲಾ." ಅವಳ ಹೆಸರು ಹಿಡಿದು ಕರೆದದ್ದು ಅದೇ ಮೊದಲು. "ಇನ್ನೂ ಬಾಗಿಲಲ್ಲೇ ನಿಂತಿದಾಳೆ."

"ಗೊತ್ತು. ಪ್ರತಿ ವಾರ ಅವರನ್ನ ದಾಟ್ಕೊಂಡೇ ಬರ್ತೀನಿ."

"ಭಯ ಆಗಲ್ವಾ?"

"ಆಗುತ್ತೆ. ಆದ್ರೂ ಯಾಕೆ ಬರ್ತೀನಿ ಅಂತ ಯಾವತ್ತಾದ್ರೂ ಕೇಳಿದೀರಾ?"

ಅವರು ಕೇಳಲಿಲ್ಲ. ಜರುಗಿ ಪಕ್ಕದಲ್ಲಿ ಜಾಗ ಮಾಡಿದರು. ಅವಳು ಕೂತಳು.

"ನನ್ನ ಜೊತೆ ಇದ್ದುಬಿಡ್ತೀರಾ? ಅವಳು ಇರ್ತಾಳೆ ಅಂತ ಗೊತ್ತಿದ್ದೂ?"

"ಇರ್ಲಿ ಬಿಡಿ, ಪಾಪ. ಎಲ್ಲಿಗೆ ಹೋಗ್ತಾರೆ?"

ಅವರು ಅವಳ ಕೈ ಹಿಡಿದರು. ಅವರ ಬೆರಳುಗಳು ಮಂಜಿನಷ್ಟು ತಣ್ಣಗಿದ್ದವು. ಅವು ಬೆಚ್ಚಗಾಗುವವರೆಗೂ ಅವಳು ಹಿಡಿದೇ ಇದ್ದಳು.