ಪಾದ್ರಿಗಳ ಊಟದ ಬುಟ್ಟಿ

ಹಂದಿಯ ಚರ್ಮ ಬಾಯೊಳಗೆ ಕರುಮ್ ಎಂದಿತು. ಪೆನಿನಾ ಅಗಿಯುವುದನ್ನು ನಿಲ್ಲಿಸಿ ಹಿಂದೆ ತಿರುಗಿ ನೋಡಿದಳು. ಯಾರೂ ಇರಲಿಲ್ಲ. ದೀವಿಹಲಸಿನ ಮರದ ಮರೆಗೆ ಇನ್ನಷ್ಟು ಸರಿದು ಕುಳಿತು, ಬುಟ್ಟಿಯ ಮೇಲಿನ ಬಟ್ಟೆ ಎತ್ತಿ, ಕೊಬ್ಬಿನ ಇನ್ನೊಂದು ತುಂಡು ತೆಗೆದಳು.

ಇದು ಕಳ್ಳತನ ಅಲ್ಲ ಎಂದು ತನಗೆ ತಾನೇ ಹೇಳಿಕೊಂಡಳು. ಆದರೆ ಹೊಟ್ಟೆಗೆ ಬಹಳ ಖುಷಿಯಾಗುತ್ತಿದ್ದುದರಿಂದ ಅವಳಿಗೇ ಸ್ವಲ್ಪ ಅನುಮಾನವಿತ್ತು.

ಬುಟ್ಟಿ ಹೋಗಬೇಕಾಗಿದ್ದು ಪಾದ್ರಿಗಳ ಮನೆಗೆ. ಸಮೋವಾ ದ್ವೀಪದ ಆ ಊರಿನಲ್ಲಿ ಭಾನುವಾರ ಪಾದ್ರಿಗಳಿಗೆ ಊಟ ಕಳಿಸುವುದು ಒಂದೊಂದು ವಾರ ಒಂದೊಂದು ಮನೆಯ ಸರದಿ. ಹೋದ ವಾರ ಎದುರುಮನೆಯ ಲುಪೆಯಮ್ಮ ಇಡೀ ಮರಿಹಂದಿ ಕಳಿಸಿದ್ದಳು. ಅಂದಿನಿಂದ ಪೆನಿನಾಳ ಅಜ್ಜಿಗೆ ಸರಿಯಾಗಿ ನಿದ್ದೆ ಬಂದಿರಲಿಲ್ಲ. ಇವತ್ತು ಬೆಳಗಾಗುವ ಮೊದಲೇ ಎದ್ದು, ಬೆಂಕಿಯಲ್ಲಿ ಕಲ್ಲು ಕಾಯಿಸಿ, ಆ ಕಾವಿನಲ್ಲೇ ಹಂದಿ, ಮೀನು, ಕೆಸುವಿನ ಗೆಡ್ಡೆ, ಪಲುಸಾಮಿ ಎಲ್ಲ ಬೇಯಿಸಿದ್ದಳು. ಕೆಸುವಿನ ಎಳೆ ಎಲೆಯಲ್ಲಿ ಗಟ್ಟಿ ತೆಂಗಿನ ಹಾಲು ಹಾಕಿ ಸುತ್ತುವ ಪಲುಸಾಮಿಯನ್ನು ಅಜ್ಜಿಯ ಹಾಗೆ ಮಾಡುವವರು ಊರಲ್ಲೇ ಇಲ್ಲ. ಹಾಗೆಂದು ಅಜ್ಜಿಯೇ ಹೇಳುತ್ತಿದ್ದಳು.

"ಅವಳು ಕಳಿಸಿದ್ದು ಮರಿ. ನಮ್ದು ಬೆಳೆದ ಹಂದಿ. ಚರ್ಮ ನೋಡು, ಹೇಗೆ ಹೊಳೀತಿದೆ," ಎಂದು ಬುಟ್ಟಿ ತುಂಬುವಾಗ ಹಿಗ್ಗಿದ್ದಳು.

ತೊಂದರೆ ಇದ್ದದ್ದು ಪಾದ್ರಿಗಳ ಕಾಲ್ಬೆರಳಿನಲ್ಲಿ. ಅವರು ಸಂಜೆ ಮನೆಯಲ್ಲಿ ಮಕ್ಕಳಿಗೆ ಓದು ಕಲಿಸುತ್ತಿದ್ದರು. ಒಂದು ಸಂಜೆ ಬ್ಯಾಂಡೇಜ್ ಬದಲಿಸಲು ನರ್ಸಮ್ಮ ಬಂದಾಗ ಪೆನಿನಾ ಕಣ್ಣನ್ನು ಪುಸ್ತಕದಲ್ಲಿಟ್ಟು ಕಿವಿಯನ್ನು ಅತ್ತ ಕಳಿಸಿದ್ದಳು.

"ಶುಗರ್ ಇಷ್ಟು ಏರಿದ್ರೆ ಗಾಯ ಒಣಗಲ್ಲ. ಕೊಬ್ಬು, ತೆಂಗಿನ ಹಾಲು, ರಾಶಿ ಗೆಡ್ಡೆ ಎಲ್ಲ ಬಿಡಿ ಅಂದ್ರೆ ಕೇಳಲ್ಲ ನೀವು. ಇವತ್ತು ಬೆರಳು, ನಾಳೆ ಕಾಲೇ ತೆಗೀಬೇಕಾಗುತ್ತೆ."

"ಏನ್ ಮಾಡ್ಲಿ ತಾಯಿ? ಬುಟ್ಟಿ ವಾಪಸ್ ಕಳಿಸಿದ್ರೆ ಆ ಮನೆಯವರು ಊರಿಗೆ ಹೇಗೆ ಮುಖ ತೋರಿಸ್ಬೇಕು?" ಎಂದಿದ್ದರು ಪಾದ್ರಿಗಳು.

ಮೊದಲೆಲ್ಲ ಅವರು ಕತೆ ಓದುವಾಗ ಎದ್ದು ಕುಣಿದು, ಶಾರ್ಕಿನ ಹಾಗೆ ಹಲ್ಲು ಕಿರಿದು, ಮಕ್ಕಳನ್ನು ಅಟ್ಟಿಸಿಕೊಂಡು ಬರುತ್ತಿದ್ದರು. ಈಗ ಕುರ್ಚಿ ಬಿಟ್ಟು ಏಳುತ್ತಿರಲಿಲ್ಲ. ಅವರಿಗೆ ಕಾಲೇ ಇಲ್ಲದಂತಾದರೆ? ನೆನೆದರೇ ಪೆನಿನಾಳಿಗೆ ಅಳು ಬಂತು. ಓಡಿ ಬಂದು ಅಜ್ಜಿಗೆ ಹೇಳಿದ್ದಳು.

"ಗೊತ್ತು ಕಣೇ. ಊರಿಗೆಲ್ಲ ಗೊತ್ತು," ಎಂದಿದ್ದಳು ಅಜ್ಜಿ. "ಮುಂದಿನ ವಾರದಿಂದ ಪಥ್ಯ ಮಾಡ್ಲಿ. ನಮ್ಮ ಸರದಿ ಒಂದು ಆಗಿಬಿಡ್ಲಿ."

ಹೋದ ವಾರ ಲುಪೆಯಮ್ಮನೂ ಇದನ್ನೇ ಹೇಳಿದ್ದಳು.

ಹಾಗಾಗಿ ಪೆನಿನಾ ಈಗ ಮರದ ಹಿಂದೆ ಕುಳಿತು ಪಾದ್ರಿಗಳ ಕಾಲು ಉಳಿಸುತ್ತಿದ್ದಳು. ಕೊಬ್ಬು ಮುಗಿಯಿತು. ಪಲುಸಾಮಿಗಳೂ ಒಂದೊಂದಾಗಿ ಮುಗಿದವು. ಉಳಿದ ಮಾಂಸ ನಾಯಿಗಳ ಪಾಲಾಯಿತು. ನರ್ಸಮ್ಮ ಬೇಡ ಎನ್ನದ ಮೀನನ್ನು ಮುಟ್ಟಲಿಲ್ಲ; ಗೆಡ್ಡೆಗಳಲ್ಲಿ ಒಂದನ್ನು ಬಿಟ್ಟು ಮಿಕ್ಕವನ್ನು ಬೇಲಿಯಾಚೆ ಎಸೆದಳು. ಎದ್ದು ನಿಂತಾಗ ಹೊಟ್ಟೆ ಡೋಲಿನಂತಾಗಿತ್ತು.

ಪಾದ್ರಿಗಳ ಮನೆಯಲ್ಲಿ ಅವರ ಹೆಂಡತಿ ಬುಟ್ಟಿಯ ಬಟ್ಟೆ ಎತ್ತುವುದಕ್ಕೂ ಅಜ್ಜಿ ಜಗಲಿ ಹತ್ತುವುದಕ್ಕೂ ಸರಿಹೋಯಿತು. ಹೊಗಳಿಕೆ ಕಿವಿಗೆ ಬೀಳಲಿ ಎಂದೇ ಅಜ್ಜಿ ಲುಪೆಯಮ್ಮನನ್ನೂ ಕರೆತಂದಿದ್ದಳು.

ಬುಟ್ಟಿಯಲ್ಲಿ ಒಂದು ಗೆಡ್ಡೆ, ಒಂದು ಮೀನು.

"ಇಷ್ಟೇನಾ?" ಎಂದಳು ಲುಪೆಯಮ್ಮ, ಬಹಳ ಮೃದುವಾಗಿ.

ಅಜ್ಜಿಯ ಮುಖ ಬಿಳುಚಿಕೊಂಡಿತು. ಜಿಡ್ಡಿನಿಂದ ಹೊಳೆಯುತ್ತಿದ್ದ ಮೊಮ್ಮಗಳ ಕೆನ್ನೆಯನ್ನು ನೋಡಿದಳು. "ಪೆನಿನಾ, ಏನೇ ಇದು?"

"ಪಾದ್ರಿಗಳ ಕಾಲು ಕತ್ತರಿಸಬಾರ್ದು ಅಂತ... ನಾನೇ ತಿಂದೆ," ಎಂದು ಪೆನಿನಾ ಹೊಟ್ಟೆ ಹಿಡಿದುಕೊಂಡು ಅಳತೊಡಗಿದಳು.

 ಕುರ್ಚಿಯಲ್ಲಿದ್ದ ಪಾದ್ರಿಗಳು ಬ್ಯಾಂಡೇಜ್ ಸುತ್ತಿದ ಬೆರಳನ್ನು ನೋಡಿಕೊಂಡರು. ಆಮೇಲೆ ನೆಟ್ಟಗೆ ಕುಳಿತು, ಊಟದ ಬುಟ್ಟಿ ಬಂದಾಗ ಎಲ್ಲರೆದುರು ಗಟ್ಟಿಯಾಗಿ ಹೇಳುವ ವಂದನೆಯನ್ನು ಶುರುಮಾಡಿದರು. ಅಜ್ಜಿಯ ಮನೆತನಕ್ಕೆ ವಂದನೆ. ಕಲ್ಲು ಕಾಯಿಸಿದ ಕೈಗಳಿಗೆ ವಂದನೆ. ಹೊಗೆಯಲ್ಲಿ ಉರಿದ ಕಣ್ಣುಗಳಿಗೆ ವಂದನೆ. ಹೋದ ವಾರದ ಮರಿಹಂದಿಗೆ ಹೇಳಿದ್ದಕ್ಕಿಂತ ಒಂದು ಮಾತೂ ಕಡಿಮೆಯಿರಲಿಲ್ಲ. ಕೊನೆಯಲ್ಲಿ ಹೊಸದೊಂದನ್ನು ಸೇರಿಸಿದರು: "ನನ್ನ ಕಾಲನ್ನೂ ನೆನೆದು ಬಂದ ಬುಟ್ಟಿ ಇದೊಂದೇ."

ಅಜ್ಜಿ ನಿಧಾನವಾಗಿ ತಲೆ ಎತ್ತಿದಳು.

"ಹೌದು ಮತ್ತೆ. ನಮ್ಮನೇಲಿ ಯೋಚನೆ ಮಾಡಿ ಕಳಿಸ್ತೀವಿ," ಎಂದು ಲುಪೆಯಮ್ಮನ ಕಡೆ ನೋಡಿದಳು. ಲುಪೆಯಮ್ಮ ಬುಟ್ಟಿಯ ಬಟ್ಟೆಯನ್ನು ಸರಿಮಾಡತೊಡಗಿದಳು.

ಸಂಜೆ ಪೆನಿನಾ ಚಾಪೆಯ ಮೇಲೆ ನರಳುತ್ತಾ ಮಲಗಿದ್ದಳು. ಅಜ್ಜಿ ಕೊಬ್ಬರಿ ಎಣ್ಣೆ ಹಚ್ಚಿ ಹೊಟ್ಟೆ ನೀವುತ್ತಿದ್ದಳು. ಬಾಯಿ ಬೈಯುತ್ತಿತ್ತು, ಕೈ ಮಾತ್ರ ಮೆತ್ತಗಿತ್ತು.

"ಹೊಟ್ಟೆಬಾಕಿ. ಲುಪೆ ಎದುರಿಗೆ ಮಾನ ತೆಗೆದ್ಯಲ್ಲೇ. ಮುಂದಿನ ಸರದಿಗೆ ಬರೀ ಮೀನು ಕಳಿಸ್ತೀನಿ. ಆದ್ರೆ ದೊಡ್ಡ ಮೀನು."

ಆಮೇಲೆ ಬೇರೆಲ್ಲೋ ನೋಡುತ್ತಾ ಕೇಳಿದಳು. "ಪಲುಸಾಮಿ ಹೇಗಿತ್ತು?"

"ತುಂಬಾ ಚೆನ್ನಾಗಿತ್ತು ಅಜ್ಜಿ."

"ಉಪ್ಪು?"

"ಸರಿಯಾಗಿತ್ತು."

ಅಜ್ಜಿಯ ಮುಖ ಅರಳಿತು. ಎದ್ದು ಹೋಗಿ ಎಲೆಯ ಪೊಟ್ಟಣವೊಂದನ್ನು ತಂದಳು. "ನನಗೇಂತ ಎತ್ತಿಟ್ಟಿದ್ದೆ. ಹೊಟ್ಟೆ ಸ್ವಲ್ಪ ಇಳೀತಲ್ಲ, ತಗೋ."

ಹೊಟ್ಟೆ ಇಳಿದಿರಲಿಲ್ಲ. ಬೇಡ ಎನ್ನಲು ಪೆನಿನಾ ಬಾಯಿ ತೆರೆದಳು. ಹೊಗೆಗೆ ಕೆಂಪಾಗಿದ್ದ ಅಜ್ಜಿಯ ಕಣ್ಣುಗಳು ಅವಳನ್ನೇ ನೋಡುತ್ತಿದ್ದವು.  ಪಾಪ ಪಾದ್ರಿಗಳು, ಪ್ರತಿ ಭಾನುವಾರ ಹೀಗೇ ಬೇಡ ಅನ್ನೋಕಾಗದೆ ಕೂತಿರ್ತಾರೆ ಎಂದುಕೊಂಡಳು.

"ಅರ್ಧ ಕೊಡು ಅಜ್ಜಿ," ಎಂದಳು. "ಇನ್ನರ್ಧ ನೀನು ತಿನ್ನು."